‘ಉದ್ದೇಶಪೂರ್ವಕವಲ್ಲದ ಕೊಲೆ’ ಎಂದು ಬರೆಯಬೇಡಿ

ಮಾನ್ಯ ಸಂಪಾದಕರೇ,

‘ಉದ್ದೇಶಪೂರ್ವಕವಲ್ಲದ ಕೊಲೆ: ಹೈಕೋರ್ಟ್‌ನಿಂದ ಶಿಕ್ಷೆ ಕಡಿತ’. ಇಂಥ ತಲೆಬರಹ ಪತ್ರಿಕೆಗಳಲ್ಲಿ ಆಗಾಗ ಬರುತ್ತದೆ. ನಾನು ಸೆಷನ್ಸ್ ಕೋರ್ಟಿನಲ್ಲಿ ಗುಮಾಸ್ತನಾಗಿದ್ದು ನಿವೃತ್ತನಾದವನು. ಇದನ್ನು ಓದಿದಾಗಲೆಲ್ಲ ಸತ್ತವರ ಮನೆಯವರು ನೆನಪಾಗುತ್ತಾರೆ. ‘ಬೇಕು ಅಂತಲೇ ಹೊಡೆದದ್ದನ್ನು ನಾವು ಕಣ್ಣಾರೆ ಕಂಡಿದ್ದೇವೆ, ಉದ್ದೇಶವೇ ಇರಲಿಲ್ಲ ಅಂತ ಹೇಗೆ ಹೇಳ್ತಾರೆ?’ ಎಂದು ಅವರು ಕೇಳುತ್ತಿದ್ದರು. ಅವರ ಪ್ರಶ್ನೆ ಸರಿಯಾದದ್ದೇ. ತಪ್ಪು ಇರುವುದು ಆ ತಲೆಬರಹದಲ್ಲಿ.

ಕಾನೂನಿನಲ್ಲಿರುವುದು ‘ಕೊಲೆಯಲ್ಲದ ನರಹತ್ಯೆ’. ಹಳೆಯ ದಂಡ ಸಂಹಿತೆಯಲ್ಲಿ ಇದು 304ನೇ ಸೆಕ್ಷನ್. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ 105. ಇದರಲ್ಲಿ ಎರಡು ಭಾಗಗಳಿವೆ. ಮೊದಲನೆಯದರಲ್ಲಿ ಸಾಯಿಸುವ ಅಥವಾ ಸಾವು ತರುವ ಸಂಭವವಿರುವ ಗಾಯ ಮಾಡುವ ಉದ್ದೇಶ ಇದ್ದೇ ಇರುತ್ತದೆ. ಎರಡನೆಯದರಲ್ಲಿ ಮಾತ್ರ ಉದ್ದೇಶ ಇರುವುದಿಲ್ಲ, ‘ಹೀಗೆ ಮಾಡಿದರೆ ಸಾವು ಬರಬಹುದು’ ಎಂಬ ಅರಿವು ಇರುತ್ತದೆ. ಎರಡಕ್ಕೂ ‘ಉದ್ದೇಶಪೂರ್ವಕವಲ್ಲದ’ ಎಂಬ ಒಂದೇ ಚೀಟಿ ಅಂಟಿಸಿದರೆ ಓದುಗರಿಗೆ ಸುಳ್ಳು ಹೇಳಿದಂತೆ ಅಲ್ವಾ?

ಹಾಗಾದರೆ ಮೇಲಿನ ಕೋರ್ಟು ನೋಡುವುದೇನನ್ನು? ಸಾಮಾನ್ಯವಾಗಿ ಅಲ್ಲಿ ಹೊಸ ಸಾಕ್ಷಿ ಬರುವುದಿಲ್ಲ. ಅದೇ ಹೇಳಿಕೆ, ಅದೇ ಮರಣೋತ್ತರ ವರದಿಯನ್ನು ಮತ್ತೆ ಓದುತ್ತಾರೆ. ಆಯುಧವನ್ನು ಮನೆಯಿಂದ ತಂದಿದ್ದನೋ, ಜಗಳದಲ್ಲಿ ಕೈಗೆ ಸಿಕ್ಕಿದ್ದೋ? ಏಟು ಬಿದ್ದದ್ದು ಎಲ್ಲಿಗೆ, ಎಷ್ಟು ಬಲವಾಗಿ? ಬಿದ್ದವನ ಮೇಲೆ ಮತ್ತೆ ಹೊಡೆದನೋ, ಅಲ್ಲಿಗೇ ನಿಲ್ಲಿಸಿದನೋ? ಹಳೆಯ ಹಗೆ ಇತ್ತೋ, ಆ ಗಳಿಗೆಯಲ್ಲಿ ಹತ್ತಿಕೊಂಡ ಜಗಳವೋ?

ಇನ್ನು ವೈದ್ಯರ ಮಾತು. ಆ ಗಾಯ ‘ಸಹಜವಾಗಿ ಸಾವು ತರಲು ಸಾಕಾಗುವಷ್ಟು’ ಇತ್ತು ಎಂದರೆ ಕೇಸು ಕೊಲೆಯ ಕಡೆ ವಾಲುತ್ತದೆ. ‘ಸಾವು ತರುವ ಸಂಭವವಿತ್ತು’ ಎಂದರೆ ನರಹತ್ಯೆಯ ಕಡೆ. ಕೇಳಲು ಎರಡೂ ಒಂದೇ ಅನ್ನಿಸುತ್ತದೆ. ಆದರೆ ಆ ಒಂದು ಪದದ ಮೇಲೆ ಒಬ್ಬನ ಇಡೀ ಆಯುಷ್ಯ ನಿಂತಿರುತ್ತದೆ. ವೈದ್ಯರು ಕಟಕಟೆಯಲ್ಲಿದ್ದಾಗ ಈ ಪ್ರಶ್ನೆಯನ್ನು ಸ್ಪಷ್ಟವಾಗಿ ಕೇಳದೆಯೇ ಕಳಿಸಿದ್ದನ್ನು ನಾನು ನೋಡಿದ್ದೇನೆ. ಸಂಕಟವಾಗುತ್ತಿತ್ತು.

1876ರ ಗೋವಿಂದ ಪ್ರಕರಣವನ್ನು ವಕೀಲರು ಇವತ್ತಿಗೂ ಹೇಳುತ್ತಾರೆ. 18 ವರ್ಷದ ಗಂಡ 15 ವರ್ಷದ ಹೆಂಡತಿಯನ್ನು ಒದ್ದ. ಕೆಳಗೆ ಬಿದ್ದವಳ ಎದೆಯ ಮೇಲೆ ಮಂಡಿಯೂರಿ ಮುಖಕ್ಕೆ ಗುದ್ದಿದ. ಮಿದುಳಿನಲ್ಲಿ ರಕ್ತಸ್ರಾವವಾಗಿ ಹುಡುಗಿ ಸತ್ತಳು. ಬಾಂಬೆ ಹೈಕೋರ್ಟ್ ಇದನ್ನು ಕೊಲೆ ಅಲ್ಲ, ನರಹತ್ಯೆ ಎಂದಿತು. ಸಾಯಿಸುವ ಉದ್ದೇಶ ಕಾಣುವುದಿಲ್ಲ, ಬರಿಗೈ ಗುದ್ದು ಸಹಜವಾಗಿ ಸಾವು ತರಲು ಸಾಕಾಗುವಂಥದ್ದೂ ಅಲ್ಲ ಎಂಬುದು ಕಾರಣ. ಆ ಹುಡುಗಿಯನ್ನು ನೆನೆದರೆ ನನಗೆ ಈಗಲೂ ಒಪ್ಪಿಕೊಳ್ಳಲು ಕಷ್ಟ. ಆದರೆ ಕಾರಣವನ್ನು ಓದಿದ್ದರಿಂದ ತೀರ್ಪು ಅರ್ಥವಾಯಿತು.

‘ಒಂದೇ ಏಟು, ಹಾಗಾಗಿ ಕೊಲೆ ಅಲ್ಲ’ ಎಂದೂ ಜನ ಅಂದುಕೊಂಡಿದ್ದಾರೆ. ಅದು ನಿಜವಲ್ಲ. 1958ರ ವಿರ್ಸಾ ಸಿಂಗ್ ಪ್ರಕರಣದಲ್ಲಿ ಹೊಟ್ಟೆಗೆ ಈಟಿಯಿಂದ ತಿವಿದದ್ದು ಒಂದೇ ಸಲ. ಸುಪ್ರೀಂ ಕೋರ್ಟ್ ಅದನ್ನು ಕೊಲೆ ಎಂದೇ ಹೇಳಿತು. ಆ ಗಾಯವನ್ನು ಬೇಕೆಂದೇ ಮಾಡಿದ್ದರೆ, ಆ ಗಾಯ ಸಾವಿಗೆ ಸಾಕಾಗುವಂತಿದ್ದರೆ ಅಷ್ಟೇ ಸಾಕು. ಗಾಯ ಅಷ್ಟು ಮಾರಕ ಎಂದು ಅವನಿಗೆ ಗೊತ್ತಿತ್ತೋ ಇಲ್ಲವೋ ಎಂಬುದು ಬೇಕಿಲ್ಲ. ಕೇಸು ಕೊಲೆಯಿಂದ ನರಹತ್ಯೆಗೆ ಇಳಿಯಲು ಸಿಟ್ಟು ಬಂದಿತ್ತು ಎಂದರೂ ಸಾಲದು. ನೌಕಾಪಡೆಯ ಅಧಿಕಾರಿ ನಾನಾವತಿ ತನ್ನ ಹೆಂಡತಿಯ ಪ್ರಿಯಕರನನ್ನು ಗುಂಡಿಕ್ಕಿ ಕೊಂದ ಪ್ರಕರಣದಲ್ಲಿ ಹೆಂಡತಿಯ ಸಂಬಂಧದ ವಿಷಯ ತಿಳಿದದ್ದಕ್ಕೂ ಗುಂಡು ಹಾರಿದ್ದಕ್ಕೂ ನಡುವೆ ಸುಮಾರು ಮೂರು ಗಂಟೆ ಇತ್ತು. ಅಷ್ಟರಲ್ಲಿ ಆತ ಹಡಗಿಗೆ ಹೋಗಿ ರಿವಾಲ್ವರ್ ತಂದಿದ್ದ. ಸಿಟ್ಟು ಇಳಿಯಲು ಸಮಯವಿತ್ತು ಎಂದು 1961ರಲ್ಲಿ ಸುಪ್ರೀಂ ಕೋರ್ಟ್ ಕೊಲೆಯ ತೀರ್ಪನ್ನೇ ಎತ್ತಿಹಿಡಿಯಿತು.

ಮೇಲ್ಮನವಿ ಎಂದರೆ ಶಿಕ್ಷೆ ಇಳಿಯುವ ದಾರಿ ಎಂಬ ಭಾವನೆಯೂ ಇದೆ. 1976ರಲ್ಲಿ ತೀರ್ಪಾದ ಆಂಧ್ರದ ಪುನ್ನಯ್ಯ ಪ್ರಕರಣ ನೋಡಿ. ದೊಣ್ಣೆಗಳಿಂದ ಕೈಕಾಲಿಗೆ ಹೊಡೆದಿದ್ದರು. ತಲೆಗೋ ಎದೆಗೋ ಹೊಡೆದಿರಲಿಲ್ಲ. ಸೆಷನ್ಸ್ ಕೋರ್ಟ್ ಕೊಲೆ ಎಂದಿತು. ಹೈಕೋರ್ಟ್ ಅದನ್ನು 304ರ ಎರಡನೇ ಭಾಗಕ್ಕೆ ಇಳಿಸಿತು. ಸುಪ್ರೀಂ ಕೋರ್ಟ್ ಮತ್ತೆ ಕೊಲೆ ಎಂದಿತು. 19 ಗಾಯಗಳನ್ನು ಒಟ್ಟಿಗೆ ನೋಡಬೇಕು ಎಂಬುದು ಅದರ ಮಾತು. ಘಟನೆ ಒಂದೇ, ದೇಹ ಒಂದೇ. ಕಲಿತ ನ್ಯಾಯಮೂರ್ತಿಗಳಿಗೇ ಇಷ್ಟು ಕಷ್ಟವಾದ ಗೆರೆ ಇದು.

ಈ ಗೆರೆಯ ಎರಡು ಬದಿಗೆ ಇರುವ ಅಂತರವೂ ಸಣ್ಣದಲ್ಲ. ಕೊಲೆಗೆ ಮರಣದಂಡನೆ ಅಥವಾ ಜೀವಾವಧಿ, ಅದಕ್ಕಿಂತ ಕಡಿಮೆ ಕೊಡುವಂತಿಲ್ಲ. ನರಹತ್ಯೆಯ ಮೊದಲ ಭಾಗಕ್ಕೆ ಜೀವಾವಧಿ ಅಥವಾ 10 ವರ್ಷದವರೆಗೆ. ಹೊಸ ಕಾನೂನಿನಲ್ಲಿ 5 ವರ್ಷಕ್ಕಿಂತ ಕಡಿಮೆ ಇಲ್ಲ. ಎರಡನೇ ಭಾಗಕ್ಕೆ ಹೆಚ್ಚೆಂದರೆ 10 ವರ್ಷ.

ಅದಕ್ಕೇ ನನ್ನ ಕೋರಿಕೆ. ಇಂಥ ಸುದ್ದಿಯಲ್ಲಿ ‘ಕೊಲೆಯಲ್ಲದ ನರಹತ್ಯೆ’ ಎಂದು ಬರೆಯಿರಿ. ಯಾವ ಭಾಗ ಎಂದು ಹೇಳಿ. ನ್ಯಾಯಪೀಠ ಕೊಟ್ಟ ಕಾರಣವನ್ನು ಎರಡು ಸಾಲಿನಲ್ಲಾದರೂ ಹಾಕಿ. ತೀರ್ಪಿನ ಪ್ರತಿ ತರಿಸಿ ಓದುವ ಶಕ್ತಿ ಎಷ್ಟೋ ಮನೆಗಳಿಗೆ ಇರುವುದಿಲ್ಲ. ಅವರ ಕೈಗೆ ಸಿಗುವುದು ನಿಮ್ಮ ಪತ್ರಿಕೆಯೇ.

ಇಂತಿ,
ನಿವೃತ್ತ ಕೋರ್ಟ್ ಗುಮಾಸ್ತ, ನಿಮ್ಮ ಓದುಗ