ಧಾರಾವಾಹಿಯ ಮನೆಯಲ್ಲಿ ಗ್ಯಾಸ್ ಮುಗಿಯುವುದಿಲ್ಲವೇ?

ಮಾನ್ಯ ಸಂಪಾದಕರೇ,

ಕೌಟುಂಬಿಕ ಧಾರಾವಾಹಿಗಳೆಂದರೆ ಅತ್ತೆ–ಸೊಸೆ ಜಗಳವೆಂದು ಮೂಗು ಮುರಿಯುವವರೇ ಹೆಚ್ಚು. ಆದರೆ ಸಂಜೆ ಏಳರ ಮೇಲೆ ದಾವಣಗೆರೆಯ ಯಾವುದೇ ಬಡಾವಣೆಯಲ್ಲಿ ನಡೆದುಹೋದರೆ, ಒಂದು ಮನೆಯ ಟಿ.ವಿ.ಯಲ್ಲಿ ಆರಂಭವಾದ ಸಂಭಾಷಣೆ ಮುಂದಿನ ಮನೆಯ ಕಿಟಕಿಯಲ್ಲಿ ಮುಗಿಯುವುದು ಕೇಳಿಸುತ್ತದೆ. ನನ್ನ ತಾಯಿ ಮಂಡಕ್ಕಿಗೆ ಒಗ್ಗರಣೆ ಹಾಕುತ್ತಲೇ ತೆರೆಯ ಮೇಲಿನ ಸೊಸೆಗೆ, ‘ಆ ಕಾಗದಕ್ಕೆ ಸಹಿ ಹಾಕಬೇಡ ಕಣೇ’ ಎಂದು ಗದರುತ್ತಾರೆ. (ಆಕೆ ಒಮ್ಮೆಯೂ ಮಾತು ಕೇಳಿದವಳಲ್ಲ.)

ಈ ಸೆಳೆತ ಹೊಸದಲ್ಲ. 1984ರಲ್ಲಿ ದೂರದರ್ಶನದಲ್ಲಿ ಆರಂಭವಾದ ‘ಹಮ್ ಲೋಗ್’, ಮಧ್ಯಮ ವರ್ಗದ ಒಂದು ಕುಟುಂಬದ ದಿನನಿತ್ಯದ ಪಾಡನ್ನೇ ಕಥೆಯಾಗಿಸಿತ್ತು. ಕಂತಿನ ಕೊನೆಗೆ ನಟ ಅಶೋಕ್ ಕುಮಾರ್ ಮನೆಯ ಹಿರಿಯರಂತೆ ನೋಡುಗರೊಡನೆ ಮಾತಿಗೆ ನಿಲ್ಲುತ್ತಿದ್ದರು. ಅದಕ್ಕೂ ಮೊದಲೇ ನಮ್ಮೂರಿನ ಕೆ.ಬಿ.ಆರ್. ಡ್ರಾಮಾ ಕಂಪನಿಯಂತಹ ವೃತ್ತಿ ನಾಟಕ ತಂಡಗಳು ಸಂಸಾರದ ನಗು–ಅಳುಗಳನ್ನು ಊರೂರಿಗೆ ಕೊಂಡೊಯ್ದಿದ್ದವು.

ನನ್ನ ತಕರಾರು ಇಷ್ಟೇ: ಇಂದಿನ ಬಹುಪಾಲು ಧಾರಾವಾಹಿಗಳಲ್ಲಿ ನಡುರಾತ್ರಿಯೂ ರೇಷ್ಮೆ ಸೀರೆ, ಗ್ಯಾಸ್ ಸಿಲಿಂಡರ್ ಮುಗಿಯುವುದಿಲ್ಲ, ನಲ್ಲಿ ನೀರಿಗಾಗಿ ಯಾರೂ ಕಾಯುವುದಿಲ್ಲ, ಮಕ್ಕಳ ಶಾಲಾ ಶುಲ್ಕದ ಮಾತೇ ಬರುವುದಿಲ್ಲ. ರೊಟ್ಟಿ ಬಡಿಯುತ್ತ, ಬಟ್ಟೆ ಒಣಹಾಕುತ್ತ ತಮ್ಮ ದಿನಚರಿಯನ್ನು ಮೊಬೈಲಿನಲ್ಲಿ ಹೇಳುವ ಗೃಹಿಣಿಯರ ವಿಡಿಯೊಗಳತ್ತ ನಮ್ಮ ಮನೆಯವರು ವಾಲಿರುವುದಕ್ಕೆ ಇದೇ ಕಾರಣವಿರಬೇಕು. ವಾಹಿನಿಗಳ ಕಥೆಗಾರರು ಇಲ್ಲಿನ ಯಾವುದಾದರೊಂದು ವಠಾರದಲ್ಲಿ ವಾರವಿದ್ದು ನೋಡಿದರೆ, ಹೊಸ ಖಳನಾಯಕಿಯನ್ನು ಹುಡುಕದೆಯೇ ನೂರು ಕಂತಿಗೆ ಸಾಲುವಷ್ಟು ಸರಕು ಸಿಕ್ಕೀತು.

– ಓದುಗರೊಬ್ಬರು, ದಾವಣಗೆರೆ