ಕಾಯಿ ಎದ್ದ ಜಾಗದಲ್ಲೇ ನೀರು

ಪುಟ್ಟಿ,

ಫೋನ್ ನೋಡಿದಾಗೆಲ್ಲ 11:11 ಕಾಣುತ್ತೆ, ಏನೋ ಸೂಚನೆ ಇರಬೇಕು ಅಂದೆಯಲ್ಲ. 10:47ಕ್ಕೂ ನೋಡಿರುತ್ತೀಯ ಕಣೇ. ಅದು ನೆನಪಲ್ಲಿ ಉಳಿಯೋದಿಲ್ಲ, ಅಷ್ಟೇ.

ನಮ್ಮ ದುರ್ಗದವರಿಗೆ ಈ ಚಾಳಿ ಸ್ವಲ್ಪ ಜಾಸ್ತಿ ಅಂತ ನನ್ನ ಅನುಮಾನ. ಕೋಟೆ ಹತ್ತಿದವರು ಬಂಡೆಯನ್ನು ಬರೀ ಬಂಡೆ ಅಂತ ನೋಡಿದ್ದುಂಟಾ? ಒಬ್ಬರಿಗೆ ಆನೆ, ಇನ್ನೊಬ್ಬರಿಗೆ ಕಪ್ಪೆ. 1976ರಲ್ಲಿ ವೈಕಿಂಗ್ 1 ನೌಕೆ ಕಳಿಸಿದ ಮಂಗಳ ಗ್ರಹದ ಫೋಟೋದಲ್ಲಿ ಜನಕ್ಕೆ ಮನುಷ್ಯನ ಮುಖವೇ ಕಂಡಿತ್ತು. 2001ರಲ್ಲಿ ಇನ್ನೂ ಸ್ಪಷ್ಟವಾದ ಫೋಟೋ ಬಂತು. ನೋಡಿದರೆ ಸುಮ್ನೆ ಒಂದು ಗುಡ್ಡ.

ಇದರಿಂದ ಯಾರ ಗಂಟೂ ಹೋಗೋದಿಲ್ಲ. ಗಂಟು ಕರಗೋದು ಬೋರ್‌ವೆಲ್ ಪಾಯಿಂಟ್ ಮಾಡಿಸುವಾಗ, ಅಂದರೆ ಎಲ್ಲಿ ಕೊರೆಸಬೇಕು ಅಂತ ಗುರುತು ಹಾಕಿಸುವಾಗ. ಅಂಗೈ ಮೇಲೆ ತೆಂಗಿನಕಾಯಿ ಮಲಗಿಸಿಕೊಂಡು ಹೊಲವೆಲ್ಲ ಸುತ್ತುತ್ತಾರೆ. ಒಂದು ಕಡೆ ಕಾಯಿ ಜುಟ್ಟು ಮೇಲೆ ಮಾಡಿ ನಿಲ್ಲುತ್ತದೆ. ಅಲ್ಲೇ ಕಲ್ಲು, ಕುಂಕುಮ, ಊದಿನಕಡ್ಡಿ. ಕಾಯಿ ಹಿಡಿದಾತ ಮೋಸಗಾರ ಅಂತಲ್ಲ. ಕೈ ತನಗೇ ಗೊತ್ತಾಗದ ಹಾಗೆ ಅಲುಗುತ್ತದೆ. ನೀರು ಬಂದರೆ ಆತನ ಕೈಗುಣ, ಬರದಿದ್ದರೆ ನಮ್ಮ ಹಣೆಬರಹ. ಎರಡು ಕಡೆಯೂ ಕಾಯಿಗೆ ಸೋಲಿಲ್ಲ, ಅಲ್ವಾ? ಕಾಯಿ ಏಳದ ಜಾಗದಲ್ಲಿ ಕೊರೆಸಿದ್ದರೂ ನೀರು ಸಿಗುತ್ತಿತ್ತೇನೋ. ಆದರೆ ಅದನ್ನು ನೋಡೋಕೆ ಅಂತ ದುಡ್ಡು ಸುರಿಯೋರು ಯಾರು? ಕಾಗೆ ಕೂತಿದ್ದಕ್ಕೂ ಟೊಂಗೆ ಮುರಿದಿದ್ದಕ್ಕೂ ಗಂಟು ಹಾಕಿ ಮನೆಗೆ ಬರುತ್ತೇವೆ.

ನೀನು ಸ್ಟ್ಯಾಟಿಸ್ಟಿಕ್ಸ್ ಓದುವವಳು, ಈ ಲೆಕ್ಕ ನಿನಗೆ ಹಿಡಿಸಬಹುದು. ಎರಡನೇ ಮಹಾಯುದ್ಧದಲ್ಲಿ ಲಂಡನ್ ಮೇಲೆ ಜರ್ಮನ್ನರ ಹಾರುವ ಬಾಂಬ್ ಬೀಳುತ್ತಿದ್ದಾಗ, ಕೆಲವು ಕಡೆಯೇ ಗುರಿಯಿಟ್ಟು ಹಾಕುತ್ತಿದ್ದಾರೆ ಅಂತ ಜನ ನಂಬಿದ್ದರು. ಆರ್.ಡಿ. ಕ್ಲಾರ್ಕ್ ಎಂಬ ವಿಮಾ ಲೆಕ್ಕಿಗ ದಕ್ಷಿಣ ಲಂಡನ್ನಿನ ನಕ್ಷೆಯನ್ನು 576 ಚೌಕ ಮಾಡಿ ಎಣಿಸಿ, 1946ರಲ್ಲಿ ಪ್ರಕಟಿಸಿದ. ಬಿದ್ದ ಬಾಂಬ್ 537. ಒಂದೂ ಬೀಳದ ಚೌಕ 229, ನಾಲ್ಕು ನಾಲ್ಕು ಬಿದ್ದ ಚೌಕ 7. ಗುರಿಯೇ ಇಲ್ಲದೆ ಬಿದ್ದರೂ ಹೆಚ್ಚುಕಡಿಮೆ ಇದೇ ಲೆಕ್ಕ ಬರುತ್ತದೆ. ಗುರಿಯಿಲ್ಲದೆ ಆಗೋದು ಎಲ್ಲಿ ಎಷ್ಟು ಸಲ ಆಗಬಹುದು ಅಂತ ಹೇಳೋ ನಿಮ್ಮ ಪಾಯ್ಸನ್ ಸೂತ್ರಕ್ಕೆ ಹಾಕಿ ನೋಡು. ಅಲ್ಲಲ್ಲಿ ಗುಂಪಾಗಿ ಬಿದ್ದಿದ್ದೇ ಜನರ ಕಣ್ಣಿಗೆ ಸಂಚಿನ ಹಾಗೆ ಕಂಡಿತ್ತು.

ಚಿಕ್ಕಪ್ಪ ಮುಂದಿನ ತಿಂಗಳು ಮತ್ತೆ ಬೋರ್ ಹಾಕಿಸುತ್ತಾನಂತೆ. ಕಾಯಿಯವರಿಗೆ ಆಗಲೇ ಹೇಳಿಯೂ ಆಗಿದೆ. ದಾವಣಗೆರೆಯಿಂದ ಆ ಭಾನುವಾರ ಬಂದುಬಿಡು. ಪಾಯಿಂಟ್ ಗುರುತು ಮಾಡಿದ ಮೇಲೆ ಅವರ ಕಣ್ಣಿಗೆ ಬಟ್ಟೆ ಕಟ್ಟಿ, ಅದೇ ಹೊಲದಲ್ಲಿ ಇನ್ನೊಂದು ಸುತ್ತು ನಡೆಸೋಣ. ಕಾಯಿ ಅಲ್ಲೇ ಏಳುತ್ತದಾ ನೋಡೋಣ. ಚಿಕ್ಕಪ್ಪನನ್ನು ಒಪ್ಪಿಸೋ ಜವಾಬ್ದಾರಿ ನಿಂದು. ನನ್ನ ಮಾತು ಅವನು ಕೇಳೋದಿಲ್ಲ.

ನಿನ್ನ ಅಪ್ಪ
ಚಿತ್ರದುರ್ಗ