ಬಾಡಿಗೆ ಕೇಳಿದರೆ ದೆಹಲಿಗೆ ಹೋಗಬೇಕಾ? ಕಾನೂನು ಸಚಿವರಿಗೆ ಒಂದು ಬಹಿರಂಗ ಪತ್ರ

ಕರ್ನಾಟಕದ ಮಾನ್ಯ ಕಾನೂನು ಸಚಿವರಿಗೆ ನಮಸ್ಕಾರಗಳು.

ನಾನು ಕೊಪ್ಪಳ ಜಿಲ್ಲೆಯ ಒಬ್ಬ ರೈತನ ಮಗಳು. ಈ ಪತ್ರ ಬರೆಯಬೇಕು ಎಂದು ಬಹಳ ದಿನದಿಂದ ಇತ್ತು. ಕೋರ್ಟಿನ ವಿಷಯ, ಸುಮ್ನೆ ಯಾಕೆ ಎಂದು ಅಪ್ಪ ತಡೆಯುತ್ತಿದ್ದರು. ಹೋದ ವಾರ ಅವರೇ "ಬರಿಯವ್ವಾ, ಇನ್ನೇನು ಉಳಿದಿದೆ" ಅಂದರು.

ಬೇಡಿಕೆ ಒಂದೇ, ಮೊದಲೇ ಹೇಳುತ್ತೇನೆ. ರೈತ ಹೊಲವನ್ನು ಲೀಸಿಗೆ ಕೊಟ್ಟರೆ, ಆ ಲೀಸಿನ ಎಲ್ಲ ತಕರಾರು ಹೊಲ ಇರುವ ತಾಲ್ಲೂಕಿನ ಕೋರ್ಟಿನಲ್ಲೇ ನಡೆಯಬೇಕು. ಬಾಡಿಗೆ ಬಾಕಿಯ ದಾವೆಯೂ ಅದರಲ್ಲಿ ಸೇರಬೇಕು. ಕರಾರಿನಲ್ಲಿ ಬೇರೆ ಏನೇ ಬರೆದಿರಲಿ.

ನಮ್ಮದು ನಾಲ್ಕು ಎಕರೆ ಎರೆ ಹೊಲ. ಬಿಳಿಜೋಳ, ಕಡಲೆ ಬೆಳೆಯುತ್ತಿದ್ದೆವು. ಮೇಲಿಂದ ಮೇಲೆ ಮಳೆ ಕೈಕೊಟ್ಟ ಹೊತ್ತಿನಲ್ಲಿ ಸೋಲಾರ್ ಕಂಪನಿಯವರು ಬಂದರು. ಎಕರೆಗೆ ವರ್ಷಕ್ಕೆ 25,000 ರೂಪಾಯಿ, 29 ವರ್ಷದ ಲೀಸು. ಕರಾರು 22 ಪುಟ, ಪೂರ್ತಿ ಇಂಗ್ಲಿಷಿನಲ್ಲಿ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಏಜೆಂಟ್ ಬೆರಳಿಟ್ಟು ತೋರಿಸಿದ ಕಡೆಯೆಲ್ಲ ಅಪ್ಪ ಕನ್ನಡದಲ್ಲಿ ಸಹಿ ಹಾಕಿದರು. ಹತ್ತೊಂಬತ್ತನೇ ಪುಟದಲ್ಲಿ ಒಂದು ಸಾಲಿತ್ತು. ಈ ಕರಾರಿನ ವ್ಯಾಜ್ಯಗಳೆಲ್ಲ ದೆಹಲಿಯ ಕೋರ್ಟುಗಳಲ್ಲಿ ಮಾತ್ರ ಎಂದು. ಅದನ್ನು ನಮಗೆ ಯಾರೂ ಓದಿ ಹೇಳಲಿಲ್ಲ.

ನಾಲ್ಕು ವರ್ಷ ದುಡ್ಡು ಬಂತು. ಆಮೇಲೆ ಎರಡು ವರ್ಷ ಒಂದು ಪೈಸೆ ಇಲ್ಲ. ಫೋನ್ ಮಾಡಿದಾಗಲೆಲ್ಲ "ಹೆಡ್ ಆಫೀಸಿನಿಂದ ಬರಬೇಕು" ಎಂಬ ಒಂದೇ ಉತ್ತರ. ಎರಡು ಲಕ್ಷ ನಿಮಗೆ ದೊಡ್ಡದಲ್ಲದೆ ಇರಬಹುದು. ನಮಗೆ ಅದು ತಂಗಿಯ ನರ್ಸಿಂಗ್ ಫೀಸು, ಅವ್ವನ ಮಾತ್ರೆ, ಮನೆಯ ಸಂತೆ. ತಂಗಿ ಒಂದು ವರ್ಷ ಕಾಲೇಜು ಬಿಟ್ಟು ಮನೆಯಲ್ಲಿ ಕೂತಳು.

ಕೊನೆಗೆ ನಮ್ಮ ತಾಲ್ಲೂಕಿನ ಸಿವಿಲ್ ಕೋರ್ಟಿನಲ್ಲಿ ಬಾಡಿಗೆ ಬಾಕಿಗೆ ದಾವೆ ಹಾಕಿದೆವು. ಕಂಪನಿಯ ವಕೀಲರು ಶುರುವಿನಲ್ಲೇ ಆ ಸಾಲು ತೋರಿಸಿ, ಈ ಕೋರ್ಟಿಗೆ ವ್ಯಾಪ್ತಿಯೇ ಇಲ್ಲ ಎಂದರು. 14 ತಿಂಗಳು ಅದೊಂದರ ಮೇಲೆಯೇ ತಾರೀಖು ನಡೆದವು. ಆಮೇಲೆ ನಮ್ಮ ದಾವೆಯ ಕಾಗದ ನಮಗೇ ವಾಪಸ್ ಬಂತು. ದೆಹಲಿಯಲ್ಲಿ ಹಾಕಿಕೊಳ್ಳಿ ಎಂದು.

ಸಿವಿಲ್ ದಾವೆ ಎಲ್ಲಿ, ಹೇಗೆ ನಡೆಯಬೇಕು ಎಂದು ಹೇಳುವ ಸಿವಿಲ್ ಪ್ರಕ್ರಿಯಾ ಸಂಹಿತೆಯನ್ನು ನಿಮಗೆ ನಾನು ಹೇಳಿಕೊಡಬೇಕಾಗಿಲ್ಲ. 16ನೇ ಕಲಂ ಪ್ರಕಾರ ಜಮೀನಿನ ಸ್ವಾಧೀನ, ಹಕ್ಕಿನ ದಾವೆ ಜಮೀನು ಇರುವಲ್ಲೇ ಹಾಕಬೇಕು. ಗುರುಗ್ರಾಮದ ಒಂದು ನಿವೇಶನದ ಕೇಸಿನಲ್ಲಿ 2005ರಲ್ಲಿ ಸುಪ್ರೀಂ ಕೋರ್ಟು ಇದನ್ನೇ ಹೇಳಿದೆ. ಕರಾರಿನಲ್ಲಿ ದೆಹಲಿ ಎಂದು ಬರೆದರೂ ದೆಹಲಿ ಕೋರ್ಟಿಗೆ ಇಲ್ಲದ ಅಧಿಕಾರ ಬರುವುದಿಲ್ಲ ಎಂದು. ನಮ್ಮ ವಕೀಲರು ಈ ತೀರ್ಪನ್ನು ಮುಂದಿಟ್ಟರು. ಆದರೆ ಅದು ಜಮೀನು ಕೇಳಿದವರಿಗೆ, ನೀವು ಕೇಳಿದ್ದು ಬರೀ ದುಡ್ಡು ಎಂದು ಉತ್ತರ ಬಂತು. ದುಡ್ಡಿನ ದಾವೆ 20ನೇ ಕಲಂಗೆ ಬರುತ್ತದಂತೆ. ಅಲ್ಲಿ ಎರಡು ಊರಿನ ಕೋರ್ಟಿಗೆ ಅಧಿಕಾರ ಇದ್ದರೆ, ಒಂದನ್ನು ಕರಾರಿನಲ್ಲೇ ಆರಿಸಿಕೊಳ್ಳಬಹುದಂತೆ. ಕಂಪನಿಯ ಹೆಡ್ ಆಫೀಸು ದೆಹಲಿ, ದುಡ್ಡು ಬರುವುದೂ ದೆಹಲಿಯಿಂದ. ಮತ್ತೆ ನಮ್ಮ ಹೊಲದಂಚಿನಲ್ಲೇ ಕಂಪನಿಯ ಆಫೀಸು ಇದೆಯಲ್ಲ, ಕೇಸು ಇಲ್ಲೇ ನಡೆಯಬಹುದಲ್ಲ ಎಂದೆವು. ಅದು ಗುತ್ತಿಗೆದಾರನ ಶೆಡ್ಡು, ಕಂಪನಿಯ ಶಾಖೆ ಅಲ್ಲ ಎಂದರು. ಶೆಡ್ಡಿನ ಮೇಲೆ ಕಂಪನಿಯ ಹೆಸರಿನ ಬೋರ್ಡು ಇವತ್ತಿಗೂ ಇದೆ.

ಅಂದರೆ ಹೊಲ ವಾಪಸ್ ಕೇಳಿದರೆ ಇಲ್ಲೇ ಕೇಸು, ಅದೇ ಹೊಲದ ಬಾಡಿಗೆ ಕೇಳಿದರೆ ದೆಹಲಿ. ನಮಗೆ ಲೀಸು ಮುರಿಯುವುದು ಬೇಕಿಲ್ಲ ಸರ್. ಕಂಬ ನೆಟ್ಟು, ಬದು ಕಿತ್ತು ಹಾಕಿದ ಹೊಲವನ್ನು ಈಗ ವಾಪಸ್ ತಗೊಂಡು ಏನು ಬಿತ್ತುವುದು? ಕೊಡಬೇಕಾದ ಬಾಡಿಗೆ ಕೊಡಲಿ, ಅಷ್ಟೇ.

ಇದನ್ನಾದರೂ ನುಂಗಿಕೊಳ್ಳುತ್ತಿದ್ದೆವೇನೋ. ಇನ್ನೊಂದು ಮಾತ್ರ ಮರೆಯಲು ಆಗುತ್ತಿಲ್ಲ. ನಮ್ಮ ದಾವೆ ನಡೆಯುತ್ತಿದ್ದಾಗಲೇ, ಬಾಕಿ ಬರಬೇಕಿದ್ದ ಒಂಬತ್ತು ಮನೆಯವರು ಒಂದು ಬೆಳಿಗ್ಗೆ ಪ್ಲಾಂಟಿನ ಗೇಟಿನ ಮುಂದೆ ಕೂತರು. ಅಪ್ಪನೂ ಕೂತರು. ಯಾರೂ ಕಲ್ಲು ಎತ್ತಲಿಲ್ಲ, ಬೈಯಲಿಲ್ಲ. ಬುತ್ತಿ ಕಟ್ಟಿಕೊಂಡು ಹೋಗಿ ಸಂಜೆ ವಾಪಸ್ ಬಂದರು. ನಾಲ್ಕೇ ದಿನದಲ್ಲಿ ಅಪ್ಪನ ಹೆಸರಿಗೆ ತಡೆಯಾಜ್ಞೆ ಬಂತು. ಹೊಲದ ಹತ್ತಿರ ಹೋಗಿ ಅಡ್ಡಿ ಮಾಡಬಾರದು ಎಂದು. ಅದನ್ನು ಕಂಪನಿ ತಂದದ್ದು ದೆಹಲಿಯಿಂದ ಅಲ್ಲ. ನಮ್ಮ ತಾಲ್ಲೂಕಿನ ಅದೇ ಕೋರ್ಟಿನಿಂದ, ಅದೇ ವಕೀಲರ ಮೂಲಕ. ನಮ್ಮ ಮಾತು ಕೇಳುವ ಮೊದಲೇ ಆದೇಶ ಆಗಿತ್ತು.

ಆ ಆದೇಶ ಹಿಡಿದು ಕೋರ್ಟಿನ ಅಮೀನರು ಮನೆಗೆ ಬಂದಾಗ ಅಪ್ಪ ಜಗುಲಿಯ ಮೇಲೆ ಕೂತಿದ್ದರು. ಪಹಣಿಯಲ್ಲಿ ಇವತ್ತಿಗೂ ಅವರದೇ ಹೆಸರು. ಆ ಕಾಗದ ಹಿಡಿದುಕೊಂಡು, "ಈ ಕೋರ್ಟು ಅವರಿಗೆ ಹತ್ತಿರ, ನಮಗೆ ಯಾಕೆ ದೂರ?" ಎಂದು ನನ್ನನ್ನು ಕೇಳಿದರು. ನಾನು ಬಿಎ ಓದಿದವಳು. ಉತ್ತರ ಕೊಡಲು ಆಗಲಿಲ್ಲ. ನೀವು ಕೊಡುತ್ತೀರಾ?

ನ್ಯಾಯಾಧೀಶರ ಮೇಲೆ ನನ್ನ ದೂರಿಲ್ಲ. ಅವರ ಮುಂದಿದ್ದ ಕಾನೂನು ಅದು. ಆ ಕಾನೂನಿನ ಮೇಲೆ ದೂರಿದೆ. ದಾವೆ ವಾಪಸ್ ಮಾಡಿದ್ದಕ್ಕೆ ಅಪೀಲು ಹಾಕಿದ್ದೇವೆ, ಅದಕ್ಕೂ ತಾರೀಖಿನ ಮೇಲೆ ತಾರೀಖು. ದೆಹಲಿಗೆ ಹೋಗೋಣ ಎಂದರೆ ಹುಬ್ಬಳ್ಳಿಗೆ ಹೋಗಿ ರೈಲು ಹತ್ತಬೇಕು, ಎರಡು ರಾತ್ರಿ ರೈಲಿನಲ್ಲೇ. ಅಲ್ಲಿನ ವಕೀಲರ ಫೀಸು ಎಷ್ಟೋ, ಭಾಷೆ ಯಾವುದೋ. ಎರಡು ಲಕ್ಷದ ಬಾಕಿಗೆ ಯಾವ ರೈತ ಹೋಗುತ್ತಾನೆ? ಹೋಗುವುದಿಲ್ಲ ಎಂದು ಗೊತ್ತಿದ್ದೇ ಆ ಸಾಲು ಬರೆದಿದ್ದಾರೆ ಎಂದು ನನಗೆ ಅನಿಸುತ್ತದೆ.

ಇದು ಆಗದ ಕೆಲಸ ಅಲ್ಲ. ಸಿವಿಲ್ ಪ್ರಕ್ರಿಯೆ ಸಂವಿಧಾನದ ಸಮವರ್ತಿ ಪಟ್ಟಿಯಲ್ಲಿದೆ, ಅಂದರೆ ಕೇಂದ್ರ, ರಾಜ್ಯ ಎರಡೂ ಕಾನೂನು ಮಾಡಬಹುದಾದ ವಿಷಯ. ರಾಜ್ಯ ತಿದ್ದುಪಡಿ ತಂದು ರಾಷ್ಟ್ರಪತಿಗಳ ಅಂಕಿತ ಪಡೆಯಬಹುದು. ಸಣ್ಣ ರೈತರ ಕೇಸು ಬೇಗ ಮುಗಿಯಲಿ ಎಂದು 2023ರಲ್ಲಿ ಇದೇ ಸಂಹಿತೆಯ ತಿದ್ದುಪಡಿ ಮಸೂದೆಯನ್ನು ವಿಧಾನಸಭೆ ಒಪ್ಪಿತಲ್ವಾ? ಕೇಸು ನಮ್ಮ ಕೋರ್ಟಿಗೆ ಬಂದರೆ ತಾನೇ ಬೇಗ ಮುಗಿಯುವುದು? ಅಂಗಡಿಯಲ್ಲಿ ಮಿಕ್ಸಿ ಕೊಂಡವರು ತಾವು ಇರುವ ಜಿಲ್ಲೆಯಲ್ಲೇ ದೂರು ಕೊಡಬಹುದು ಎಂದು 2019ರ ಗ್ರಾಹಕ ಕಾಯ್ದೆ ಹೇಳುತ್ತದೆ. ಮಿಕ್ಸಿಗೆ ಇರುವ ದಾರಿ ಹೊಲಕ್ಕೆ ಯಾಕಿಲ್ಲ?

ಅದಕ್ಕೇ ಮತ್ತೆ ಕೇಳುತ್ತೇನೆ. ಕೃಷಿ ಜಮೀನಿನ ಲೀಸಿನ ಬಾಡಿಗೆ ದಾವೆಯೂ ಹೊಲ ಇರುವ ಕೋರ್ಟಿನಲ್ಲೇ ನಡೆಯಬೇಕು, ಇದಕ್ಕೆ ವಿರುದ್ಧವಾದ ಕರಾರಿನ ಸಾಲು ನಡೆಯುವುದಿಲ್ಲ ಎಂದು ಒಂದು ತಿದ್ದುಪಡಿ ತನ್ನಿ. ಅಲ್ಲಿಯವರೆಗೆ ಲೀಸು ನೋಂದಣಿಯ ಮೊದಲು ಕರಾರನ್ನು ಕನ್ನಡದಲ್ಲಿ ರೈತನಿಗೆ ಓದಿ ಹೇಳುವ ಏರ್ಪಾಡಾದರೂ ಮಾಡಿಸಿ. ನಮ್ಮ ಭಾಗದಲ್ಲಿ ಈಗಲೂ ಏಜೆಂಟರು ಮನೆಮನೆ ತಿರುಗುತ್ತಿದ್ದಾರೆ. ಹೋದ ತಿಂಗಳು ಪಕ್ಕದ ಹೊಲದ ಕಾಕಾ ಸಹಿ ಹಾಕಿದರು. ಅವರ ಕರಾರು ತಗೊಂಡು ನೋಡಿದೆ. ಹತ್ತೊಂಬತ್ತನೇ ಪುಟದಲ್ಲಿ ಅದೇ ಸಾಲು ಇದೆ.

ಇಂತಿ,
ಕೊಪ್ಪಳ ಜಿಲ್ಲೆಯ ಒಬ್ಬ ರೈತನ ಮಗಳು